ಮೇಲೋ, ಕೆಳಗೋ?

ಲಾರಿಗೆ ಎಫ್‌ಸಿ ಇದೆ, ಲಿಫ್ಟಿಗೆ ಲೈಸೆನ್ಸ್ ಇದೆ. ಹಗಲಿರುಳು ಜನರನ್ನು ಹೊತ್ತು ನಿಂತಿರುವ ಮೇಲ್ಸೇತುವೆಗೆ ಏನಿದೆ? ನದಿಯೇ ಇಲ್ಲದ ಬೆಂಗಳೂರು ಕಾಲು ಶತಮಾನದಲ್ಲಿ ಸಾಲು ಸಾಲು ಸೇತುವೆ ಕಟ್ಟಿಕೊಂಡಿತು. ಅವುಗಳಿಗೆ ಈಗ ವಯಸ್ಸಾಗುತ್ತಿದೆ. ಕಟ್ಟಿದ್ದಾಯಿತು, ಇನ್ನು ಕಾಪಾಡಿಕೊಳ್ಳುವ ಸರದಿ.

ತುಮಕೂರು ಕಡೆಯಿಂದ ಬೆಂಗಳೂರಿಗೆ ಬರುವ ಬಸ್ಸು ನೆಲಮಂಗಲ ದಾಟಿತೆಂದರೆ ಒಳಗೆ ಸಣ್ಣ ಗದ್ದಲ ಶುರುವಾಗುತ್ತದೆ. ನಿದ್ದೆಯಲ್ಲಿದ್ದವರು ಎದ್ದು ಕೂರುತ್ತಾರೆ. ಚೀಲ ಕೆಳಗಿಳಿಯುತ್ತದೆ. ಹಿಂದಿನ ಸೀಟಿನಿಂದ ಯಾರೋ ಒಬ್ಬರು ಕೇಳಿಯೇ ಕೇಳುತ್ತಾರೆ: "ಮೇಲೆ ಹೋಗತ್ತಾ ಸಾರ್, ಕೆಳಗಡೆನಾ?"

"ಮೇಲೆ, ಮೇಲೆ. ದಾಸರಹಳ್ಳಿ, ಜಾಲಹಳ್ಳಿ ಕ್ರಾಸಿನೋರು ಇಲ್ಲೇ ಇಳ್ಕೊಳಿ."

ಮೇಲೆ ಎಂದರೆ ಪೀಣ್ಯ ಮೇಲ್ಸೇತುವೆ. ಪಾರ್ಲೆ ಕಾರ್ಖಾನೆಯ ಬಳಿ ಹತ್ತಿದರೆ ಗೊರಗುಂಟೆಪಾಳ್ಯದಲ್ಲಿ ಇಳಿದಂತೆ. ಕೆಳಗೆ ಎಂದರೆ ಎಂಟನೇ ಮೈಲಿ, ದಾಸರಹಳ್ಳಿ, ಜಾಲಹಳ್ಳಿ ಕ್ರಾಸ್, ಪೀಣ್ಯ, ಒಂದೊಂದರಲ್ಲೂ ಸಿಗ್ನಲ್ಲು, ಒಂದೊಂದರಲ್ಲೂ ಜನ. ಊರಿನಿಂದ ಹೊರಟು ಆರೇಳು ತಾಸು ಕೂತು ಬಂದವರಿಗೆ ಈ ಕೊನೆಯ ನಾಲ್ಕು ಕಿಲೋಮೀಟರು ಮೇಲೋ ಕೆಳಗೋ ಎಂಬುದು ದೊಡ್ಡ ಮಾತು.

2021ರ ಡಿಸೆಂಬರ್ ಕೊನೆಯಿಂದ ಎರಡೂವರೆ ವರ್ಷ ಬಸ್ಸಿನಲ್ಲಿ ಈ ಪ್ರಶ್ನೆ ಏಳಲೇ ಇಲ್ಲ. ಬಸ್ಸು, ಲಾರಿಗಳಿಗೆಲ್ಲ ಕೆಳಗಿನ ದಾರಿಯೊಂದೇ ಗತಿಯಾಗಿತ್ತು. ಮೇಲೆ ಸೇತುವೆ ಇತ್ತು, ಕಂಬಗಳು ನಿಂತಿದ್ದವು, ಡಾಂಬರು ನುಣ್ಣಗಿತ್ತು. ಆದರೆ ಕಾಂಕ್ರೀಟಿನ ಒಳಗೆ, ಯಾರ ಕಣ್ಣಿಗೂ ಬೀಳದ ಕಡೆ, ಉಕ್ಕು ಸೋತಿತ್ತು.

### ಹನ್ನೊಂದನೇ ವಯಸ್ಸಿಗೆ ಬಂದ ಕಾಯಿಲೆ

ಡಾ. ಶಿವಕುಮಾರ ಸ್ವಾಮೀಜಿಯವರ ಹೆಸರು ಹೊತ್ತ ಈ ಮೇಲ್ಸೇತುವೆ ಸಂಚಾರಕ್ಕೆ ತೆರೆದದ್ದು 2010ರಲ್ಲಿ. ಉದ್ದ ಸುಮಾರು 4.2 ಕಿ.ಮೀ. ರಾಜ್ಯದ ಅರ್ಧಕ್ಕೂ ಹೆಚ್ಚು ಜಿಲ್ಲೆಗಳಿಗೆ ಇದೇ ರಾಜಧಾನಿಯ ಹೆಬ್ಬಾಗಿಲು. ಹುಬ್ಬಳ್ಳಿಯ ಹತ್ತಿ, ಚಿತ್ರದುರ್ಗದ ಈರುಳ್ಳಿ, ಮಲೆನಾಡಿನ ಅಡಿಕೆ, ಎಲ್ಲ ಇದೇ ದಾರಿಯಲ್ಲಿ ಬರಬೇಕು.

2021ರ ಡಿಸೆಂಬರ್ 25ರಂದು ಸೇತುವೆಯನ್ನು ಮುಚ್ಚಲಾಯಿತು. 102 ಮತ್ತು 103ನೇ ಪಿಲ್ಲರುಗಳ ಆಸುಪಾಸಿನಲ್ಲಿ ಸೇತುವೆಯನ್ನು ಬಿಗಿದು ಹಿಡಿದಿದ್ದ ಕೇಬಲ್‌ಗಳು ಹದಗೆಟ್ಟಿರುವುದು ಗೊತ್ತಾಗಿತ್ತು. ಮೊದಲಿಗೆ ಎಲ್ಲರೂ ಇದು ಕೆಲವು ದಿನಗಳ ದುರಸ್ತಿ ಎಂದುಕೊಂಡರು. ಭಾರತೀಯ ವಿಜ್ಞಾನ ಸಂಸ್ಥೆಯ ತಜ್ಞರು ಬಂದು ನೋಡಿದ ಮೇಲೆ ಚಿತ್ರ ಬದಲಾಯಿತು. 2022ರ ಫೆಬ್ರವರಿ ಮಧ್ಯದಲ್ಲಿ ಕಾರು, ಬೈಕುಗಳಂಥ ಲಘು ವಾಹನಗಳಿಗೆ ಮಾತ್ರ ಅವಕಾಶ ಸಿಕ್ಕಿತು. ಭಾರಿ ವಾಹನಗಳು ಕಾಯಬೇಕಾಯಿತು.

ಲೆಕ್ಕ ನೋಡಿ. ಸೇತುವೆಯಲ್ಲಿ ಪಿಲ್ಲರಿನಿಂದ ಪಿಲ್ಲರಿಗೆ ಹಾಯುವ 120 ಹರವುಗಳಿವೆ. ಇಂಜಿನಿಯರುಗಳು ಇದನ್ನು ಸ್ಪ್ಯಾನ್ ಎನ್ನುತ್ತಾರೆ. ಒಂದೊಂದು ಸ್ಪ್ಯಾನಿಗೆ ಹತ್ತು ಕೇಬಲ್, ಒಟ್ಟು 1,200. ಪ್ರತಿ ಸ್ಪ್ಯಾನಿನಲ್ಲೂ ಮುಂದೊಂದು ದಿನ ಬೇಕಾದೀತೆಂದು ಎರಡು ಕೇಬಲ್‌ಗಳಿಗೆ ಜಾಗ ಬಿಟ್ಟಿದ್ದರು. ಆ ಮುಂದಾಲೋಚನೆಯೇ ಈಗ ಕೈಹಿಡಿಯಿತು. ಮೊದಲು ಈ ಖಾಲಿ ಜಾಗಗಳಲ್ಲಿ 240 ಹೊಸ ಕೇಬಲ್ ಸೇರಿಸಿ ಬಿಗಿದರು. ಹಳೆಯವನ್ನು ಒಂದೊಂದಾಗಿ ಬದಲಾಯಿಸುವ ಕೆಲಸಕ್ಕೆ ಆಮೇಲೆ ಕೈಹಾಕಿದರು.

2024ರ ಜನವರಿಯಲ್ಲಿ ಸೇತುವೆಯನ್ನು ಮತ್ತೆ ಮುಚ್ಚಿ, ಭಾರ ತುಂಬಿದ ಲಾರಿಗಳನ್ನು ಮೇಲೆ ನಿಲ್ಲಿಸಿ ಪರೀಕ್ಷೆ ನಡೆಸಿದರು. ಭಾರ ಹೇರಿದಾಗ ಸೇತುವೆ ಕೂದಲೆಳೆಯಷ್ಟು ಬಾಗಬೇಕು, ಭಾರ ಇಳಿಸಿದಾಗ ಮತ್ತೆ ತನ್ನ ಜಾಗಕ್ಕೆ ಏಳಬೇಕು. ಬಾಗಿದ್ದು ಬಾಗಿದಂತೆಯೇ ಉಳಿದರೆ ಒಳಗೆ ಏನೋ ಸರಿಯಿಲ್ಲ ಎಂದರ್ಥ. ಪರೀಕ್ಷೆ ಮುಗಿದು, ಜುಲೈ 29ರಿಂದ ಭಾರಿ ವಾಹನಗಳಿಗೆ ದಾರಿ ತೆರೆಯಿತು. ಆದರೆ ಶುಕ್ರವಾರ ಬಿಟ್ಟು. ವಾರಕ್ಕೊಂದು ದಿನ ದುರಸ್ತಿಗೆಂದು ಸೇತುವೆಗೆ ಬಿಡುವು ಕೊಡಲಾಯಿತು.

ಒಂದು ಸೇತುವೆಗೆ ವಾರದ ಬಿಡುವು ಬೇಕು ಎಂದು ಈ ನಗರ ಒಪ್ಪಿಕೊಂಡದ್ದು ಸಣ್ಣ ಸಂಗತಿಯಲ್ಲ. ಸೇತುವೆ ತೆರೆದ ದಿನವೇ ಒಪ್ಪಿಕೊಳ್ಳಬೇಕಾಗಿದ್ದ ಮಾತು ಅದು.

### ಇಟ್ಟಿಗೆ ಎತ್ತುವ ಕೈಯ ಗುಟ್ಟು

ಈ ಕೇಬಲ್ ಏನು ಮಾಡುತ್ತದೆ? ಮನೆ ಕಟ್ಟುವಲ್ಲಿ ಗಾರೆ ಕೆಲಸದವರನ್ನು ನೋಡಿರುತ್ತೀರಿ. ನಾಲ್ಕೈದು ಇಟ್ಟಿಗೆಗಳನ್ನು ಸಾಲಾಗಿಟ್ಟು, ಎರಡೂ ಬದಿಯಿಂದ ಅಂಗೈಯಲ್ಲಿ ಒತ್ತಿ ಹಿಡಿದು, ಒಂದೇ ಹಲಗೆಯಂತೆ ಎತ್ತಿಬಿಡುತ್ತಾರೆ. ನಡುವಿನ ಇಟ್ಟಿಗೆಗೆ ಕೆಳಗಿನಿಂದ ಆಸರೆಯಿಲ್ಲ. ಆದರೂ ಬೀಳುವುದಿಲ್ಲ. ಅಂಗೈಯ ಒತ್ತಡವೇ ಅದನ್ನು ಹಿಡಿದಿಟ್ಟಿದೆ. ಒತ್ತಡ ಸ್ವಲ್ಪ ಸಡಿಲವಾದರೆ ಮೊದಲು ಜಾರುವುದು ಆ ನಡುವಿನ ಇಟ್ಟಿಗೆಯೇ.

ಸೇತುವೆಯ ಒಳಗಿನ ಉಕ್ಕಿನ ಕೇಬಲ್ ಆ ಅಂಗೈಯ ಕೆಲಸ ಮಾಡುತ್ತದೆ. ಕಾಂಕ್ರೀಟು ಒತ್ತಿದರೆ ಗಟ್ಟಿ, ಎಳೆದರೆ ಬಿರುಕು ಬಿಡುವ ಜಾತಿ. ಹಾಗಾಗಿ ಕೇಬಲ್ಲನ್ನು ಒಂದು ತುದಿಯಿಂದ ಇನ್ನೊಂದು ತುದಿಗೆ ಹಾಯಿಸಿ, ಜಾಕ್ ಹಚ್ಚಿ ಭಾರಿ ಬಲದಿಂದ ಎಳೆದು, ತುದಿಗಳಲ್ಲಿ ಬೀಗ ಹಾಕುತ್ತಾರೆ. ಎಳೆದ ಉಕ್ಕು ಹಿಂದಕ್ಕೆ ಕುಗ್ಗಲು ನೋಡುತ್ತದೆ, ಕಾಂಕ್ರೀಟು ಅದನ್ನು ತಡೆದು ತಾನು ಒತ್ತಿಕೊಳ್ಳುತ್ತದೆ. ಈ ಎಳೆತ ಮತ್ತು ಒತ್ತಡದ ಸಮತೋಲದ ಮೇಲೆ ನಿಮ್ಮ ಬಸ್ಸು ಓಡುತ್ತದೆ.

ಕೇಬಲ್ ಇರುವ ಕೊಳವೆಯೊಳಗೆ ಸಿಮೆಂಟಿನ ತೆಳು ಗಾರೆಯನ್ನು ಒತ್ತಡದಿಂದ ತುಂಬುತ್ತಾರೆ. ಇದಕ್ಕೆ ಗ್ರೌಟ್ ಎಂಬ ಹೆಸರು. ಉಕ್ಕಿಗೆ ಗಾಳಿ, ನೀರು ತಾಗದಂತೆ ಕಾಯುವ ಕವಚ ಅದು. ಗಾರೆ ಪೂರ್ತಿ ತುಂಬದೆ ಎಲ್ಲೋ ಒಂದು ಗೇಣು ಪೊಳ್ಳು ಉಳಿಯಿತೆನ್ನಿ. ಅಲ್ಲಿಗೆ ತೇವ ಇಳಿಯುತ್ತದೆ. ತೇವ ಇಳಿದಲ್ಲಿ ತುಕ್ಕು. ಬಿಗಿದ ವೀಣೆಯ ತಂತಿಯಂತೆ ಸದಾ ಎಳೆತದಲ್ಲಿರುವ ಉಕ್ಕಿಗೆ ತುಕ್ಕು ಹತ್ತಿದರೆ ಎಳೆ ಎಳೆಯಾಗಿ ಹರಿಯುತ್ತದೆ. ಹೊರಗಿನಿಂದ ನೋಡುವವರಿಗೆ ಏನೂ ಕಾಣುವುದಿಲ್ಲ.

ನಮ್ಮ ನೆರೆಯ ಗೋವಾ ಇದನ್ನು ಕಣ್ಣಾರೆ ಕಂಡಿದೆ. ಪಣಜಿಯ ಮಾಂಡೋವಿ ನದಿಯ ಮೇಲಿದ್ದ ಸೇತುವೆ 1986ರ ಜುಲೈ 5ರಂದು ಕುಸಿಯಿತು. ಅದೂ ಬಿಗಿದ ಕೇಬಲ್ಲಿನ ಸೇತುವೆಯೇ, ಕಾರಣವೂ ಅದೇ ತುಕ್ಕು. ಆಗ ಅದಕ್ಕೆ ಇಪ್ಪತ್ತು ವರ್ಷವೂ ತುಂಬಿರಲಿಲ್ಲ.

> ಬಾಕ್ಸ್: ಕುಸಿತಗಳು ಕಲಿಸಿದ ಪಾಠ
>
> • ಜಿನೋವಾ, ಇಟಲಿ: 1967ರಲ್ಲಿ ತೆರೆದ ಮೊರಾಂಡಿ ಸೇತುವೆ 2018ರ ಆಗಸ್ಟ್ 14ರಂದು ಮಳೆಯ ನಡುವೆ ಕುಸಿಯಿತು. 43 ಜನ ಸತ್ತರು. ಸೇತುವೆಯನ್ನು ಎತ್ತಿ ಹಿಡಿದಿದ್ದ ಉಕ್ಕಿನ ಎಳೆಗಳು ಕಾಂಕ್ರೀಟಿನ ಹೊದಿಕೆಯೊಳಗಿದ್ದವು. ಅವುಗಳ ಸ್ಥಿತಿ ಕಣ್ಣಿಗೆ ಕಾಣುವಂತಿರಲಿಲ್ಲ.
>
> • ಕಾರವಾರ: ಕಾಳಿ ನದಿಯ ಮೇಲಿನ ಹಳೆಯ ಹೆದ್ದಾರಿ ಸೇತುವೆ 2024ರ ಆಗಸ್ಟ್ 7ರ ನಡುರಾತ್ರಿ ಕಳಚಿ ಬಿತ್ತು. ನದಿಗೆ ಬಿದ್ದ ಲಾರಿಯ ಚಾಲಕನನ್ನು ಜೀವಂತ ಮೇಲೆತ್ತಲಾಯಿತು. ಸೇತುವೆಗೆ ನಲವತ್ತು ವರ್ಷ ದಾಟಿತ್ತು.
>
> • ಗಂಭೀರಾ, ಗುಜರಾತ್: ಮಹಿಸಾಗರ ನದಿಯ ಸೇತುವೆಯ ಒಂದು ಭಾಗ 2025ರ ಜುಲೈ 9ರ ಬೆಳಿಗ್ಗೆ ವಾಹನಗಳ ಸಮೇತ ಕುಸಿಯಿತು. ಅದು 1980ರ ದಶಕದ ಸೇತುವೆ.

### ನದಿ ಇಲ್ಲದ ಊರು

ಸೇತುವೆ ಎಂದರೆ ಕಣ್ಣಮುಂದೆ ಬರುವುದು ಹೊಳೆ. ಶ್ರೀರಂಗಪಟ್ಟಣದಲ್ಲಿ ಕಾವೇರಿ ಇದೆ, ಹಾಗಾಗಿ ದಿವಾನ್ ಪೂರ್ಣಯ್ಯನವರ ಕಾಲದಲ್ಲಿ, 1804ರಲ್ಲಿ, ಅಲ್ಲಿ ಕಲ್ಲುಕಂಬಗಳ ಮೇಲೆ ಕಲ್ಲುತೊಲೆ ಹೇರಿ ವೆಲ್ಲೆಸ್ಲಿ ಸೇತುವೆ ಕಟ್ಟಿದರು. ಎರಡು ಶತಮಾನದ ಪ್ರವಾಹ ಕಂಡು ಅದು ಇನ್ನೂ ನಿಂತಿದೆ. ಅದರಲ್ಲಿ ತುಕ್ಕು ಹಿಡಿಯುವ ಉಕ್ಕಿಲ್ಲ.

ಬೆಂಗಳೂರಿಗೆ ಅಂಥ ನದಿಯಿಲ್ಲ. ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ದಿಬ್ಬದ ಮೇಲೆ ಕೂತ ಊರು ಇದು. ಇಲ್ಲಿ ಬಿದ್ದ ಮಳೆ ಒಂದು ಕಡೆ ವೃಷಭಾವತಿಯಾಗಿ ಅರ್ಕಾವತಿಯನ್ನು, ಅಲ್ಲಿಂದ ಕಾವೇರಿಯನ್ನು ಸೇರುತ್ತದೆ. ಇನ್ನೊಂದು ಕಡೆ ದಕ್ಷಿಣ ಪಿನಾಕಿನಿಯತ್ತ ಹರಿಯುತ್ತದೆ. ದಾಟಲು ಹೊಳೆಯೇ ಇಲ್ಲದಿದ್ದಾಗ ಸೇತುವೆಯ ಮಾತೆಲ್ಲಿ? 1864ರಲ್ಲಿ ದಂಡು ಪ್ರದೇಶಕ್ಕೆ ರೈಲು ಬಂದ ಮೇಲೆ ಹಳಿಗಳನ್ನು ದಾಟುವ ಅಗತ್ಯ ಹುಟ್ಟಿತು. ಓಕಳೀಪುರ, ಶೇಷಾದ್ರಿಪುರದ ಕಡೆ ರೈಲುಹಳಿಯ ಅಡಿ ನುಸುಳುವ ರಸ್ತೆಗಳು ಆ ಕಥೆಯ ಮುಂದುವರಿಕೆ.

ನಿಜವಾದ ಪ್ರವಾಹ ಬಂದದ್ದು ಆಮೇಲೆ. ಅದು ನೀರಿನದಲ್ಲ, ವಾಹನಗಳದು. 1991ರ ಜನಗಣತಿಯಲ್ಲಿ ಬೆಂಗಳೂರಿನಲ್ಲಿ ಸುಮಾರು 41 ಲಕ್ಷ ಜನರಿದ್ದರು. 2011ರ ಹೊತ್ತಿಗೆ 85 ಲಕ್ಷ. ರಸ್ತೆ ಅಗಲ ಮಾಡಲು ಅಂಗಡಿಗಳು ಬಿಡಲಿಲ್ಲ, ಮರಗಳು ಬಿಡಲಿಲ್ಲ. ಉಳಿದದ್ದು ಮೇಲಿನ ಆಕಾಶ.

ಹಾಗೆ 1999ರಲ್ಲಿ ಕೃಷ್ಣರಾಜ ಮಾರುಕಟ್ಟೆಯ ನೆತ್ತಿಯ ಮೇಲೆ ಸಿರ್ಸಿ ವೃತ್ತದ ಮೇಲ್ಸೇತುವೆ ಬಂತು. ಟೌನ್‌ಹಾಲ್ ಕಡೆ ಹತ್ತಿದರೆ ಮೈಸೂರು ರಸ್ತೆಯಲ್ಲಿ ಇಳಿಯಬಹುದು. ಅಂದಿನವರಿಗೆ ಅದು ಅದ್ಭುತ. ಊರಿನಿಂದ ಬಂದ ನೆಂಟರನ್ನು ಕರೆದುಕೊಂಡು ಹೋಗಿ ತೋರಿಸಿದವರಿದ್ದಾರೆ. 2003ರಲ್ಲಿ ಹೆಬ್ಬಾಳದಲ್ಲಿ ಕೆರೆಯ ಪಕ್ಕ ಸುರುಳಿ ಸುತ್ತಿದ ಮೇಲ್ಸೇತುವೆ ಬಂತು. ಐದು ವರ್ಷದ ನಂತರ, 2008ರ ಮೇ ತಿಂಗಳಲ್ಲಿ, ದೇವನಹಳ್ಳಿ ಬಳಿಯ ವಿಮಾನ ನಿಲ್ದಾಣ ತೆರೆಯಿತು. ಹೆಬ್ಬಾಳ ಇಡೀ ನಗರದ ಗಂಟಲಾಯಿತು. 2025ರ ಆಗಸ್ಟಿನಲ್ಲಿ ಕೆ.ಆರ್. ಪುರದ ಕಡೆಯಿಂದ ಮೇಖ್ರಿ ವೃತ್ತದತ್ತ ಹೊಸ ಲೂಪ್ ಜೋಡಿಸಿದ್ದು ಆ ಬಿಕ್ಕಟ್ಟಿನ ಒಂದು ಗಂಟು ಬಿಡಿಸಲು.

2010 ಸೇತುವೆಗಳ ವರ್ಷ. ಜನವರಿಯಲ್ಲಿ ಹೊಸೂರು ರಸ್ತೆಯ ಎತ್ತರಿಸಿದ ಹೆದ್ದಾರಿ, ಅದೇ ವರ್ಷ ಪೀಣ್ಯ, ಅದೇ ವರ್ಷ ಹೊರವರ್ತುಲ ರಸ್ತೆಯ ಸುಮನಹಳ್ಳಿ. ಒಟ್ಟಿಗೆ ಹುಟ್ಟಿದವಕ್ಕೆ ಒಟ್ಟಿಗೇ ವಯಸ್ಸಾಗುತ್ತದೆ. ಈ ನಗರ ಎದುರಿಸಬೇಕಾದ ಸವಾಲು ಇರುವುದು ಅಲ್ಲೇ.

> ಬಾಕ್ಸ್: ಯಾವುದು, ಯಾವಾಗ?
>
> • 1999: ಸಿರ್ಸಿ ವೃತ್ತ (ಬಾಲಗಂಗಾಧರನಾಥ ಸ್ವಾಮೀಜಿ) ಮೇಲ್ಸೇತುವೆ, ಸುಮಾರು 2.65 ಕಿ.ಮೀ.
>
> • 2003: ಹೆಬ್ಬಾಳ
>
> • 2010: ಸಿಲ್ಕ್ ಬೋರ್ಡ್–ಎಲೆಕ್ಟ್ರಾನಿಕ್ ಸಿಟಿ ಎತ್ತರಿಸಿದ ಹೆದ್ದಾರಿ, ಸುಮಾರು 10 ಕಿ.ಮೀ.
>
> • 2010: ಪೀಣ್ಯ, ಸುಮಾರು 4.2 ಕಿ.ಮೀ.
>
> • 2022: ಶಿವಾನಂದ ವೃತ್ತದ ಉಕ್ಕಿನ ಮೇಲ್ಸೇತುವೆ
>
> • 2024: ರಾಗಿಗುಡ್ಡ–ಸಿಲ್ಕ್ ಬೋರ್ಡ್ ಡಬಲ್ ಡೆಕ್ಕರ್, 3.36 ಕಿ.ಮೀ. ಕೆಳಗಿನ ಅಂತಸ್ತಿನಲ್ಲಿ ವಾಹನ, ಮೇಲಿನದರಲ್ಲಿ ಮೆಟ್ರೊ. ಅದರ ಮೇಲೆ ಹಳದಿ ಮಾರ್ಗದ ರೈಲು ಓಡತೊಡಗಿದ್ದು 2025ರ ಆಗಸ್ಟಿನಲ್ಲಿ.

### ಮಾರುಕಟ್ಟೆಯ ಕಂಬದ ಬಳಿ

ಸೇತುವೆಯ ಆರೋಗ್ಯ ನೋಡಬೇಕಾದರೆ ಮೇಲೆ ಓಡಾಡಿದರೆ ಸಾಲದು, ಕೆಳಗೆ ನಿಲ್ಲಬೇಕು.

ಕೆ.ಆರ್. ಮಾರುಕಟ್ಟೆಯ ಬಳಿ ಬೆಳಗಿನ ಹೊತ್ತು ಬನ್ನಿ. ಸೇವಂತಿಗೆಯ ಮೂಟೆ ಹೊತ್ತವರು ದಾರಿ ಬಿಡಿ ಎನ್ನುತ್ತ ಓಡುತ್ತಿರುತ್ತಾರೆ. ಸೇತುವೆಯ ನೆರಳಿನಲ್ಲಿ ಆಟೋಗಳು, ತಳ್ಳುಗಾಡಿಗಳು, ಟೀ ಕುಡಿಯುವವರು. ಆ ಗದ್ದಲದಲ್ಲೂ ನೆತ್ತಿಯ ಮೇಲಿಂದ ಒಂದು ಸದ್ದು ಕೇಳುತ್ತಲೇ ಇರುತ್ತದೆ: ದಡ್-ದಡ್. ಬಸ್ಸು ಹೋದರೆ ಜೋರಾಗಿ, ಬೈಕು ಹೋದರೆ ಮೆಲ್ಲಗೆ. ಚಕ್ರಗಳು ಎಕ್ಸ್‌ಪ್ಯಾನ್ಷನ್ ಜಾಯಿಂಟ್ ದಾಟುವ ಸದ್ದು ಅದು.

ಜಾಯಿಂಟ್ ಯಾಕೆ ಬೇಕು? ಬಿಸಿಲಿಗೆ ಸೇತುವೆ ಹಿಗ್ಗುತ್ತದೆ, ತಂಪಿಗೆ ಕುಗ್ಗುತ್ತದೆ. 2.65 ಕಿ.ಮೀ.ನ ಈ ಸೇತುವೆ ಒಂದೇ ತುಂಡಾಗಿದ್ದರೆ, ಇಪ್ಪತ್ತು ಡಿಗ್ರಿ ಉಷ್ಣಾಂಶದ ವ್ಯತ್ಯಾಸಕ್ಕೆ ಸುಮಾರು ಎರಡಡಿ ಉದ್ದ ಬೆಳೆಯುತ್ತಿತ್ತು. ಆ ಎರಡಡಿಯನ್ನು ಬೆರಳಷ್ಟು ಬೆರಳಷ್ಟಾಗಿ ಹಂಚಿಕೊಂಡು ನುಂಗುವುದೇ ಈ ಸಂದುಗಳ ಕೆಲಸ. ಸಂದಿನೊಳಗೆ ಮಣ್ಣು, ಜಲ್ಲಿ, ಪ್ಲಾಸ್ಟಿಕ್ ತುಂಬಿಕೊಂಡರೆ ಹಿಗ್ಗಲು ಜಾಗವಿಲ್ಲದೆ ಕಾಂಕ್ರೀಟಿನ ಅಂಚು ಸಿಡಿಯುತ್ತದೆ. ಸಂದಿನ ರಬ್ಬರು ಹರಿದರೆ ಮಳೆನೀರು ನೇರ ಕೆಳಗಿಳಿಯುತ್ತದೆ.

ಆ ನೀರು ಎಲ್ಲಿಗೆ ಹೋಗುತ್ತದೆ ಎಂಬುದನ್ನು ಕಂಬವೇ ಹೇಳುತ್ತದೆ. ಯಾವುದಾದರೂ ಹಳೆಯ ಮೇಲ್ಸೇತುವೆಯ ಕಂಬದ ತಲೆಯ ಕಡೆ ಕಣ್ಣು ಹಾಯಿಸಿ. ಕಪ್ಪು ಗೆರೆಗಳು ಕಂಡರೆ ಅವು ವರ್ಷಗಟ್ಟಲೆ ನೀರು ಇಳಿದ ಗುರುತು. ಆ ತಲೆಯ ಮೇಲೆಯೇ ಬೇರಿಂಗುಗಳಿವೆ, ರಬ್ಬರು-ಉಕ್ಕಿನ ದಿಂಬುಗಳಂಥವು. ಸೇತುವೆಯ ಅಷ್ಟೂ ಭಾರವನ್ನು ಕಂಬಕ್ಕೆ ದಾಟಿಸುವುದು ಅವು. ನಮ್ಮ ಮೊಣಕಾಲಿನ ಹಾಗೆ. ಕಂಬ ನೂರು ವರ್ಷ ಬಾಳಬಹುದು, ಬೇರಿಂಗು ಅಷ್ಟು ಬಾಳದು. ಸೇತುವೆಯನ್ನು ಜಾಕ್ ಹಚ್ಚಿ ಕೆಲವು ಮಿಲಿಮೀಟರು ಎತ್ತಿ, ಹಳೆಯದನ್ನು ತೆಗೆದು ಹೊಸದನ್ನು ಕೂರಿಸಬೇಕು. ರಾತ್ರಿ ಹೊತ್ತು, ವಾಹನ ತಡೆದು, ಎಚ್ಚರದಿಂದ ಮಾಡುವ ಕೆಲಸ ಅದು.

ಇನ್ನೂ ಒಂದು ನೋಟವಿದೆ. ಸಂದಿನಲ್ಲಿ ಒಂದು ಅರಳಿ ಗಿಡ. ಹಕ್ಕಿ ಉದುರಿಸಿದ ಬೀಜ, ಒಂದು ಚಿಟಿಕೆ ಧೂಳು, ಒಂದು ಮುಂಗಾರು. ಇಷ್ಟು ಸಾಕು ಅದು ಚಿಗುರಲು. ನಾಲ್ಕೆಲೆ ಇದ್ದಾಗ ಕೈಯಲ್ಲೇ ಕೀಳಬಹುದು. ಎರಡು ವರ್ಷ ಬಿಟ್ಟರೆ ಬೇರು ಕಾಂಕ್ರೀಟನ್ನು ಸೀಳುತ್ತದೆ, ಸೀಳಿದಲ್ಲಿ ನೀರು ಇಳಿಯುತ್ತದೆ, ನೀರು ಕಬ್ಬಿಣವನ್ನು ಮುಟ್ಟುತ್ತದೆ. ತುಕ್ಕಾದ ಕಬ್ಬಿಣ ಮೂಲದ ಎರಡರಿಂದ ಆರು ಪಟ್ಟು ಜಾಗ ಬೇಡುತ್ತದೆ. ಒಳಗಿನಿಂದಲೇ ಉಬ್ಬಿ ಕಾಂಕ್ರೀಟನ್ನು ಒಡೆದು ಚಕ್ಕೆ ಚಕ್ಕೆಯಾಗಿ ಉದುರಿಸುತ್ತದೆ. ಒಂದು ಗಿಡ ಕೀಳಲು ಐದು ನಿಮಿಷ ಸಾಕು. ಕೀಳದೆ ಬಿಟ್ಟದ್ದಕ್ಕೆ ತೆರುವ ಬೆಲೆ ಕೋಟಿಗಳಲ್ಲಿ.

ಡಾಂಬರಿನ ವಿಷಯದಲ್ಲೂ ಹಾಗೆಯೇ. ಗುಂಡಿ ಬಿದ್ದರೆ ಹಳೆಯ ಪದರದ ಮೇಲೆ ಹೊಸ ಪದರ ಬಳಿಯುವುದು ನೆಲದ ರಸ್ತೆಗೆ ನಡೆದೀತು, ಸೇತುವೆಗೆ ಸಲ್ಲದು. ಹದಿನೈದು ಮೀಟರ್ ಅಗಲದ ಸೇತುವೆಗೆ ಒಂದು ಕಿಲೋಮೀಟರು ಉದ್ದಕ್ಕೆ ಎರಡಿಂಚು ಡಾಂಬರು ಹಾಕಿದರೆ ಸುಮಾರು 1,700 ಟನ್ ಹೆಚ್ಚುವರಿ ಭಾರ ಹೇರಿದಂತೆ. ಲಾರಿ ಬಂದು ಹೋಗುತ್ತದೆ, ಈ ಭಾರ ಹೋಗುವುದಿಲ್ಲ. ಅದಕ್ಕೇ ಮೊದಲು ಹಳೆಯ ಪದರವನ್ನು ಯಂತ್ರದಿಂದ ಕೆರೆದು ತೆಗೆಯಬೇಕು, ಆಮೇಲೆ ಹೊಸದು.

> ಬಾಕ್ಸ್: ಎಲೆಯಡಿಕೆ ಉಗುಳು, ಉಕ್ಕಿನ ಸವಕಳಿ
>
> ಕೋಲ್ಕತ್ತದ ಹೌರಾ ಸೇತುವೆ 1943ರಿಂದ ಗಟ್ಟಿಯಾಗಿ ನಿಂತಿದೆ. ಆದರೆ ಪಾದಚಾರಿಗಳು ಉಗುಳಿದ ಪಾನ್, ಗುಟ್ಕಾದಿಂದ ಅದರ ತೂಗುಗಂಬಗಳ ಬುಡದ ಉಕ್ಕಿನ ಕವಚ ಕೆಲವೇ ವರ್ಷಗಳಲ್ಲಿ 6 ಮಿ.ಮೀ.ನಿಂದ 3 ಮಿ.ಮೀ.ಗೂ ಕಡಿಮೆ ದಪ್ಪಕ್ಕೆ ಸವೆದದ್ದು ಪತ್ತೆಯಾಯಿತು. ಕೊನೆಗೆ ತೊಳೆಯಲು ಸುಲಭವಾದ ಫೈಬರ್ ಗ್ಲಾಸ್ ಹೊದಿಕೆ ಹಾಕಬೇಕಾಯಿತು. ಸೇತುವೆಯ ನಿರ್ವಹಣೆಯಲ್ಲಿ ನಾಗರಿಕರಿಗೂ ಪಾಲಿದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕಿಲ್ಲ.

### ತೂತು, ಮೊಂಡು, ಕೆಡವು

ಬೆಂಗಳೂರಿನ ಸೇತುವೆಗಳು ನಮಗೆ ಎಚ್ಚರಿಕೆ ಕೊಡುತ್ತಲೇ ಬಂದಿವೆ.

ಸುಮನಹಳ್ಳಿ ಮೇಲ್ಸೇತುವೆಯಲ್ಲಿ 2019ರ ನವೆಂಬರಿನಲ್ಲಿ ಒಂದು ತೂತು ಬಿತ್ತು. ಸರಳುಗಳ ನಡುವಿನಿಂದ ಕೆಳಗಿನ ರಸ್ತೆ ಕಾಣುತ್ತಿತ್ತು. ಮುಚ್ಚಿ, ದುರಸ್ತಿ ಮಾಡಿ, ಮತ್ತೆ ತೆರೆದರು. 2022ರ ಸೆಪ್ಟೆಂಬರಿನಲ್ಲಿ ಇನ್ನೊಂದು ತೂತು. ತೂತು ಮುಚ್ಚುವುದು ಬೇರೆ, ತೂತು ಯಾಕೆ ಬಿತ್ತೆಂದು ಇಡೀ ಸೇತುವೆಯನ್ನು ತಟ್ಟಿ ನೋಡುವುದು ಬೇರೆ.

ಕೋರಮಂಗಲದ ಈಜಿಪುರದಲ್ಲಿ ಇನ್ನೊಂದು ಕಥೆ. 2.5 ಕಿ.ಮೀ. ಮೇಲ್ಸೇತುವೆಯ ಕೆಲಸ 2017ರಲ್ಲಿ ಶುರುವಾಗಿ ನಡುವೆ ನಿಂತಿತು. ಗುತ್ತಿಗೆ ರದ್ದಾಯಿತು. ಮತ್ತೆ ಕೆಲಸ ಆರಂಭವಾದದ್ದು 2023ರ ಕೊನೆಯಲ್ಲಿ. ಅಷ್ಟೂ ಕಾಲ ಅರ್ಧಂಬರ್ಧ ಕಂಬಗಳು ತಲೆಯ ಮೇಲೆ ಬೆತ್ತಲೆ ಕಬ್ಬಿಣದ ಸರಳು ಹೊತ್ತು ಮಳೆ ಬಿಸಿಲಿಗೆ ನಿಂತಿದ್ದವು. ಸೇತುವೆ ಹುಟ್ಟುವ ಮೊದಲೇ ಅದರ ಉಕ್ಕಿಗೆ ತುಕ್ಕು ತಾಗಲು ಬಿಡುವ ಊರು ಆಮೇಲೆ ಅದನ್ನು ಹೇಗೆ ಕಾಪಾಡೀತು ಎಂಬ ಚಿಂತೆ ಅಲ್ಲಿನ ನಿವಾಸಿಗಳನ್ನು ಕಾಡಿದ್ದರೆ ತಪ್ಪೇನಿಲ್ಲ.

ಬನ್ನೇರುಘಟ್ಟ ರಸ್ತೆಯ ಜಯದೇವ ಮೇಲ್ಸೇತುವೆಯನ್ನು 2020ರಲ್ಲಿ ಮೆಟ್ರೊ ನಿಲ್ದಾಣಕ್ಕಾಗಿ ಕೆಡವಿದರು. ಸೇತುವೆಗೆ ಹದಿನೈದು ವರ್ಷವೂ ಆಗಿರಲಿಲ್ಲ. ನಮ್ಮಲ್ಲಿ ಈಗ ಸೇತುವೆಗಳನ್ನು ನೂರು ವರ್ಷ ಬಾಳಬೇಕೆಂಬ ಲೆಕ್ಕದಲ್ಲಿ ವಿನ್ಯಾಸ ಮಾಡಬೇಕೆಂಬುದು ಭಾರತೀಯ ರಸ್ತೆ ಕಾಂಗ್ರೆಸ್ಸಿನ ನಿಯಮ. ನೂರು ವರ್ಷದ ಕಣ್ಣಿಟ್ಟು ನೋಡದಿದ್ದರೆ ನೂರು ವರ್ಷದ ಕಾಂಕ್ರೀಟು ಹಾಕಿ ಏನು ಬಂತು?

### ಯಾರ ಸೇತುವೆ ಇದು?

ಪೀಣ್ಯದ ಸೇತುವೆ ರಾಷ್ಟ್ರೀಯ ಹೆದ್ದಾರಿ ಪ್ರಾಧಿಕಾರದ್ದು. ರಾಗಿಗುಡ್ಡದ ಡಬಲ್ ಡೆಕ್ಕರ್ ಕಟ್ಟಿದ್ದು ಮೆಟ್ರೊ ನಿಗಮ. ಹೆಬ್ಬಾಳ, ಸುಮನಹಳ್ಳಿಗಳನ್ನು ಕಟ್ಟಿದ್ದು ಅಭಿವೃದ್ಧಿ ಪ್ರಾಧಿಕಾರ. ನಗರದೊಳಗಿನ ಎಷ್ಟೋ ಸೇತುವೆಗಳು ಮಹಾನಗರ ಪಾಲಿಕೆಯವಾಗಿದ್ದವು. ಆ ಪಾಲಿಕೆಯೇ 2025ರ ಸೆಪ್ಟೆಂಬರಿನಲ್ಲಿ ಐದಾಗಿ, ಮೇಲೆ ಗ್ರೇಟರ್ ಬೆಂಗಳೂರು ಪ್ರಾಧಿಕಾರ ಬಂದಿದೆ. ಒಂದು ಸೇತುವೆಯ ಎರಡು ತುದಿಗಳು ಎರಡು ಪಾಲಿಕೆಗಳ ಎಲ್ಲೆಯಲ್ಲಿ ಬಿದ್ದರೆ ಅರಳಿ ಗಿಡ ಕೀಳುವವರು ಯಾರು?

ಮನೆ ತುಂಬ ಜನರಿದ್ದೂ ಹಸುವಿಗೆ ನೀರು ಕುಡಿಸುವವರಿಲ್ಲದ ಪರಿಸ್ಥಿತಿ ಬರಬಾರದು. ಕಟ್ಟುವ ಹೊತ್ತಿಗೆ ಶಂಕುಸ್ಥಾಪನೆಯ ಕಲ್ಲು, ಉದ್ಘಾಟನೆಯ ಫಲಕ, ಹೆಸರುಗಳ ಸಾಲು. ಆ ಕಲ್ಲಿನಲ್ಲಿ ಕತ್ತರಿ ಹಿಡಿದವರ ಹೆಸರಿದೆ. ಬೇರಿಂಗು ನೋಡಿಕೊಳ್ಳುವವರ ಹೆಸರಿಲ್ಲ.

ನಿಯಮಗಳು ಇಲ್ಲವೆಂದಲ್ಲ. ಸೇತುವೆಗಳ ತಪಾಸಣೆ ಹೇಗೆ ಮಾಡಬೇಕೆಂದು ರಸ್ತೆ ಕಾಂಗ್ರೆಸ್ಸಿನ ಕೈಪಿಡಿ ವಿವರವಾಗಿ ಹೇಳುತ್ತದೆ. ದೇಶದ ಸೇತುವೆಗಳ ಸ್ಥಿತಿಗತಿ ದಾಖಲಿಸಲು ಕೇಂದ್ರ ಸರ್ಕಾರ 2016ರಲ್ಲೇ ಒಂದು ವ್ಯವಸ್ಥೆ ಆರಂಭಿಸಿತು. ಬೇಕಿರುವುದು ಆ ತಪಾಸಣೆಯ ಫಲ ಸೇತುವೆಯ ಮೇಲೆ ಓಡಾಡುವವರ ಕಣ್ಣಿಗೆ ಬೀಳುವ ಏರ್ಪಾಡು.

> ಬಾಕ್ಸ್: ನೀವೂ ನೋಡಬಹುದು
>
> • ಕಂಬದ ತಲೆಯಿಂದ ಇಳಿದ ಕಪ್ಪು ಅಥವಾ ತುಕ್ಕುಬಣ್ಣದ ಗೆರೆ
>
> • ಸಂದು, ಬಿರುಕುಗಳಲ್ಲಿ ಬೆಳೆದ ಗಿಡ
>
> • ಮಳೆ ನಿಂತ ಮೇಲೂ ಸೇತುವೆಯ ಮೇಲೆ ಉಳಿದ ನೀರು. ಕಸ ಕಟ್ಟಿದ ಅಥವಾ ಮುರಿದ ನೀರಿನ ಪೈಪು
>
> • ತಳಭಾಗದಲ್ಲಿ ಚಕ್ಕೆ ಎದ್ದು ಕಾಣುವ ಸರಳು
>
> • ಜಾಯಿಂಟಿನ ಬಳಿ ಹಿಂದಿಲ್ಲದ ಜೋರು ಸದ್ದು, ಕುಲುಕಾಟ
>
> ಇವೆಲ್ಲ ಅಪಾಯವೆಂದೇ ಅರ್ಥವಲ್ಲ. ಆದರೆ ಇಂಜಿನಿಯರು ಬಂದು ನೋಡಬೇಕು ಎಂಬ ಸೂಚನೆಗಳು. ಫೋಟೊ ತೆಗೆಯಿರಿ, ಹತ್ತಿರದ ಪಿಲ್ಲರಿನ ಸಂಖ್ಯೆ ಬರೆದುಕೊಳ್ಳಿ, ದೂರು ಕೊಡಿ.

### ಒಂದು ಫಲಕ ಸಾಕು

ತುಮಕೂರು ರಸ್ತೆಯ ಯಾವ ಲಾರಿ ಚಾಲಕರನ್ನಾದರೂ ಕೇಳಿ, ಎಫ್‌ಸಿ ಎಂದರೆ ಏನೆಂದು ಹೇಳುತ್ತಾರೆ. ಲಾರಿಗೆ ಎಂಟು ವರ್ಷವಾಗುವ ತನಕ ಎರಡು ವರ್ಷಕ್ಕೊಮ್ಮೆ, ಆಮೇಲೆ ಪ್ರತಿ ವರ್ಷ ಅದನ್ನು ಪರೀಕ್ಷೆಗೆ ಒಯ್ದು ಯೋಗ್ಯತಾ ಪತ್ರ ಪಡೆಯಬೇಕು. ಬ್ರೇಕು, ದೀಪ, ಟೈರು ಎಲ್ಲ ಸರಿಯಿದ್ದರೆ ಮಾತ್ರ ರಸ್ತೆಗೆ. ಅವಧಿ ಮುಗಿದ ಎಫ್‌ಸಿ ಇಟ್ಟುಕೊಂಡು ಓಡಿಸಿದರೆ ಪೊಲೀಸರು ತಡೆದು ದಂಡ ಹಾಕುತ್ತಾರೆ.

ಅದೇ ಲಾರಿಯನ್ನು, ಅಂಥ ಸಾವಿರಾರು ಲಾರಿಗಳನ್ನು ಹೊರುವ ಸೇತುವೆಗೂ ಅದೇ ಕಟ್ಟುಪಾಡು ಯಾಕಿರಬಾರದು?

ಕೇಳುತ್ತಿರುವುದು ದೊಡ್ಡ ಯೋಜನೆಯಲ್ಲ. ಪ್ರತಿ ಮೇಲ್ಸೇತುವೆಯ ಎರಡೂ ತುದಿಯಲ್ಲಿ, ಉದ್ಘಾಟನೆಯ ಕಲ್ಲಿನ ಪಕ್ಕದಲ್ಲೇ, ಇನ್ನೊಂದು ಫಲಕ. ಅದರಲ್ಲಿ ಐದೇ ಸಾಲು: ಕಟ್ಟಿದ ವರ್ಷ, ಹೊರಬಹುದಾದ ಭಾರ, ಕೊನೆಯ ತಪಾಸಣೆಯ ದಿನಾಂಕ, ಮುಂದಿನ ತಪಾಸಣೆಯ ದಿನಾಂಕ, ಹೊಣೆ ಹೊತ್ತ ಕಚೇರಿ ಮತ್ತು ಅದರ ಫೋನ್ ಸಂಖ್ಯೆ. ಕನ್ನಡದಲ್ಲಿ, ದೊಡ್ಡ ಅಕ್ಷರದಲ್ಲಿ. ದಿನಾಂಕ ದಾಟಿದರೆ ಅದು ಎಲ್ಲರ ಕಣ್ಣಿಗೂ ಬೀಳುತ್ತದೆ. ಬಜೆಟ್ಟಿನಲ್ಲಿ ನಿರ್ವಹಣೆಗೆ ಪ್ರತ್ಯೇಕ ಹಣ ಇಡಲೇಬೇಕಾಗುತ್ತದೆ. ಹೊಸ ಸೇತುವೆಗೆ ಹಣ ಕೇಳುವ ಮುನ್ನ ಹಳೆಯದರ ಫಲಕ ತೋರಿಸಬೇಕಾಗುತ್ತದೆ.

ಈ ನಗರದ ಜನಕ್ಕೆ ಸೇತುವೆಯ ಬಗ್ಗೆ ದನಿ ಎತ್ತುವುದು ಗೊತ್ತಿದೆ. 2016ರ ಅಕ್ಟೋಬರಿನಲ್ಲಿ ಬಸವೇಶ್ವರ ವೃತ್ತದಿಂದ ಹೆಬ್ಬಾಳದವರೆಗಿನ 6.7 ಕಿ.ಮೀ. ಉಕ್ಕಿನ ಸೇತುವೆ ಬೇಡವೆಂದು ಸಾವಿರಾರು ಜನ ಕೈ ಕೈ ಹಿಡಿದು ರಸ್ತೆಬದಿ ಸಾಲಾಗಿ ನಿಂತರು. ಮುಂದಿನ ಮಾರ್ಚಿನಲ್ಲಿ ಸರ್ಕಾರ ಆ ಯೋಜನೆ ಕೈಬಿಟ್ಟಿತು. ಸೇತುವೆ ಬೇಡ ಎನ್ನಲು ಒಟ್ಟಾದ ದನಿ, ಇರುವ ಸೇತುವೆಗಳನ್ನು ಕಾಪಾಡಿ ಎನ್ನಲೂ ಒಟ್ಟಾಗಬೇಕು.

ಮುಂದಿನ ಬಾರಿ ನೆಲಮಂಗಲ ದಾಟುವಾಗ ಬಸ್ಸಿನಲ್ಲಿ ಆ ಪ್ರಶ್ನೆ ಮತ್ತೆ ಏಳುತ್ತದೆ: ಮೇಲೋ, ಕೆಳಗೋ? ಅದಕ್ಕೆ ಇನ್ನೊಂದು ಪ್ರಶ್ನೆ ಸೇರಿಸಿಕೊಳ್ಳೋಣ: ಈ ಸೇತುವೆಯನ್ನು ಕೊನೆಯ ಬಾರಿ ನೋಡಿದ್ದು ಯಾವಾಗ? ಉತ್ತರ ಕಂಬದ ಮೇಲೆ ಬರೆದಿರಬೇಕು. ಬರೆಯುವ ತನಕ ಕೇಳುತ್ತಲೇ ಇರೋಣ.